ಬಲವಾದ ಗುಮಾನಿ

ಹಾರೂಗೇರಿ ಬಸ್‌ಸ್ಟ್ಯಾಂಡಿನ ಎದುರಿಗಿರುವ ಚಹಾದಂಗಡಿಯಲ್ಲಿ ಧರೆಪ್ಪ ತನ್ನನ್ನು ಪೊಲೀಸರು ಹಿಡಿದ ಕಥೆ ಶುರು ಮಾಡಿದನೆಂದರೆ ನಾಲ್ಕು ಜನ ಬಸ್ಸು ತಪ್ಪಿಸಿಕೊಳ್ಳುವುದು ಖಾತ್ರಿ.

“ಸಾಹೇಬ್ರು ಮೀಸಿ ತಿರುವಿದ್ರು. ‘ಹೇಳಲೇ, ದೇವರು ಎಲ್ಲಿ ಅದಾನ?’ ಅಂದ್ರು. ನಾ ಕೈ ಮುಗದು ಅಂದೆ, ‘ದೇವರು ಎಲ್ಲಾ ಕಡೆ ಅದಾನ್ರಿ ಸಾಹೇಬ್ರ.’ ಬಿತ್ತು ನೋಡ್ರಿ ಮೊದಲನೇ ಏಟು!”

ಕೇಳುತ್ತಿದ್ದವರೆಲ್ಲ ಚಹಾ ಚೆಲ್ಲಿಕೊಂಡು ನಕ್ಕರು. ಮೂಲೆಯ ಬೆಂಚಿನ ಮೇಲೆ ಕೂತಿದ್ದ ಬ್ರಾಹ್ಮಿಯೂ ನಕ್ಕಳು. ಪಕ್ಕದಲ್ಲಿದ್ದ ಕ್ಯಾಮರಾಮನ್ ಮಲ್ಲೇಶ ಮಾತ್ರ ಚಡಪಡಿಸುತ್ತಿದ್ದ. ಅವನ ಕ್ಯಾಮರಾ ಕಾರಿನಲ್ಲೇ ಇತ್ತು. ಮೊದಲ ಮೂರು ಭೇಟಿಗಳಲ್ಲಿ ಅದನ್ನು ಹೊರಗೆ ತೆಗೆಯಬಾರದು ಎಂಬುದು ಬ್ರಾಹ್ಮಿಯ ನಿಯಮ.

“ಅಕ್ಕಾ, ಇಂಥಾದ್ದು ಮತ್ತ ಸಿಗೂದಿಲ್ಲ,” ಎಂದು ಅವನು ಪಿಸುಗುಟ್ಟಿದ.

“ಹದಿನಾರು ವರ್ಷದಿಂದ ಹೇಳಾಕತ್ತಾರ. ಇನ್ನೊಂದು ವಾರ ಹೇಳ್ತಾರ, ತಡಿ.”

ಬ್ರಾಹ್ಮಿ ಚೌಗುಲೆಗೆ ಆಗ ಮೂವತ್ನಾಲ್ಕು. ಚಿಕ್ಕೋಡಿಯಲ್ಲಿ ಬೆಳೆದು, ಪುಣೆಯಲ್ಲಿ ಸಿನಿಮಾ ಕಲಿತು, ನಡೆದ ಅಪರಾಧಗಳ ಬಗ್ಗೆ ಸರಣಿ ಮಾಡುವ ಒಂದು ಕಂಪನಿಯಲ್ಲಿ ಆರು ವರ್ಷ ಸಹಾಯಕಿಯಾಗಿದ್ದವಳು. ಆ ಕೆಲಸದ ಮೇಲೆ ಒಮ್ಮೆ ನಿಪ್ಪಾಣಿಗೆ ಬಂದಿದ್ದಳು. ಮಗಳನ್ನು ಕಳೆದುಕೊಂಡ ಒಬ್ಬ ತಾಯಿಯಿಂದ ಆ ಹುಡುಗಿಯ ಕೊನೆಯ ಮೆಸೇಜನ್ನು ಕ್ಯಾಮರಾ ಮುಂದೆ ಓದಿಸಬೇಕಿತ್ತು. ಮೊದಲ ಸಲ ದನಿ ಸರಿಯಾಗಿ ಬರಲಿಲ್ಲ. ಎರಡನೇ ಸಲ ಬೆಳಕು ಸರಿ ಇರಲಿಲ್ಲ. ಮೂರನೇ ಸಲಕ್ಕೆ ಆ ತಾಯಿ ಸೆರಗಿನಿಂದ ಮುಖ ಒರೆಸಿಕೊಂಡು, “ಈ ಸರ್ತಿ ಎಲ್ಲಿ ಅಳಬೇಕ್ರಿ?” ಎಂದು ಕೇಳಿದಳು. ಕೇಳಿದ್ದು ಬ್ರಾಹ್ಮಿಯನ್ನೇ. ಬ್ರಾಹ್ಮಿ ಆ ತಿಂಗಳೇ ಕೆಲಸ ಬಿಟ್ಟಳು.

ಬಿಟ್ಟ ಮೇಲೆ ತನಗೆ ತಾನೇ ಕೆಲವು ನಿಯಮ ಹಾಕಿಕೊಂಡಳು. ಕ್ಯಾಮರಾ ಮುಂದೆ ಕೂರಿಸಿ ಯಾರಿಗೂ ಹೊಸ ಸುದ್ದಿ ಹೇಳಬಾರದು. ಚಿತ್ರದಲ್ಲಿ ಇರುವವರು ಜಗತ್ತಿಗಿಂತ ಮೊದಲು ಅದನ್ನು ನೋಡಬೇಕು. ತಮಗೆ ಪೆಟ್ಟಾಗುವಂಥದ್ದು ಇದ್ದರೆ ತೆಗೆ ಎನ್ನಬಹುದು. ಹೀಗೆ ನಿಯಮಗಳೇನೋ ಬೇಕಾದಷ್ಟಿದ್ದವು, ಕೆಲಸ ಇರಲಿಲ್ಲ. ಎರಡು ವರ್ಷ ಮದುವೆಗಳ ಶೂಟಿಂಗ್ ಮಾಡಿದಳು. ಹೆಣ್ಣು ಒಪ್ಪಿಸುವಾಗ ಅಳುವ ತಾಯಂದಿರ ಮುಖದ ಹತ್ತಿರ ಕ್ಯಾಮರಾ ಒಯ್ಯುವುದಿಲ್ಲ ಎಂದು ಹಟ ಹಿಡಿದು ಅಲ್ಲಿಯೂ ಎರಡು ಆರ್ಡರು ಕಳೆದುಕೊಂಡಳು.

ಕಡೆಗೆ ಪುಣೆಯ ನಿರ್ಮಾಪಕ ನಿತಿನ ಫೋನ್ ಮಾಡಿದ. ಗಡಿಭಾಗದ ಅಪರಾಧಗಳ ಮೇಲೆ ಒಂದು ಸರಣಿ ಬೇಕಿತ್ತು. ಬ್ರಾಹ್ಮಿ ಆರಿಸಿಕೊಂಡದ್ದು ತನ್ನ ಹಿರಿಯರ ಊರಿನ ಪ್ರಕರಣವನ್ನೇ. ರಾಯಬಾಗ ತಾಲೂಕಿನ ಬಸ್ತಿಹಾಳದ ಬಸದಿಯಿಂದ ಎರಡು ಸಾವಿರದ ಒಂಬತ್ತರಲ್ಲಿ ಪಾರ್ಶ್ವನಾಥನ ಗೇಣುದ್ದದ ಪಂಚಲೋಹದ ಮೂರ್ತಿ ಕಳವಾಗಿತ್ತು. ಹಿಂದಿನ ದಿನ ಟೆಂಪೋದಲ್ಲಿ ನೆಲಹಾಸಿನ ಕಲ್ಲು ತಂದು ಇಳಿಸಿದ್ದ ಧರೆಪ್ಪನನ್ನು ಪೊಲೀಸರು ಹಿಡಿದು ಒಂಬತ್ತು ದಿನ ದಾಖಲೆಯಲ್ಲಿ ತೋರಿಸದೆ ಠಾಣೆಯಲ್ಲಿ ಇಟ್ಟುಕೊಂಡು ಹೊಡೆದರು. ಒಂಬತ್ತನೇ ದಿನ ಮೂರ್ತಿ ಗಡಿಯಾಚೆ ಒಂದು ಗುಜರಿ ಅಂಗಡಿಯಲ್ಲಿ ಸಿಕ್ಕಿತು. ಕದ್ದವನು ಹದಿನೈದು ದಿನ ಹಿಂದೆ ಬಸದಿಗೆ ಬಣ್ಣ ಬಳಿದು ಹೋಗಿದ್ದ ಬೇರೆ ಊರಿನವನು. ಅವನಿಗೆ ಶಿಕ್ಷೆಯಾಯಿತು. ಧರೆಪ್ಪ ಮನೆಗೆ ಬಂದ. ಒಂದು ವರ್ಷದೊಳಗೆ ಬಸ್ತಿಹಾಳ ಬಿಟ್ಟು ಹೆಂಡತಿಯ ತವರಾದ ದಿಗ್ಗೇವಾಡಿಗೆ ಹೋಗಿ ನೆಲೆಸಿದ.

ಆ ಕಾಲದಲ್ಲಿ ಬಸದಿ ಕಮಿಟಿಯ ಕಾರ್ಯದರ್ಶಿಯಾಗಿದ್ದವರು ಬ್ರಾಹ್ಮಿಯ ಅಪ್ಪ ಉತ್ತಮ ಚೌಗುಲೆ. ಇದನ್ನು ಅವಳು ನಿತಿನನಿಗೆ ಮೊದಲೇ ಬರೆದು ತಿಳಿಸಿದ್ದಳು. ಮನೆಯಲ್ಲಿ ಆ ಕಳವಿನ ಮಾತು ಬಂದಾಗೆಲ್ಲ ಅಪ್ಪ, “ಪಾಪ, ಧರೆಪ್ಪನ ಸುಮ್ಮ ಸುಮ್ಮನ ಹಿಡದ್ರು,” ಎನ್ನುತ್ತಿದ್ದರು. ಅವಳಿಗೆ ಗೊತ್ತಿದ್ದುದು ಅಷ್ಟೇ.

ಚಹಾದಂಗಡಿಯಿಂದ ಹೊರಗೆ ಬಂದ ಧರೆಪ್ಪ ಅವಳನ್ನು ನೋಡಿ ಗುರುತು ಹಿಡಿದ. “ಉತ್ತಮಣ್ಣಾರ ಮಗಳಲ್ಲೇನವಾ ನೀ? ಸಣ್ಣಾಕಿ ಇದ್ದಾಗ ನನ್ನ ಟೆಂಪೋದಾಗ ಬೆಲ್ಲದ ಪೆಂಟಿ ಮ್ಯಾಲ ಕುಂತು ಬರ್ತಿದ್ದಿ. ಸಿನಿಮಾ ತಗೀತಿಯಂತ? ನನಗ ಕೋಟು ಹೊಲಸಬೇಕೇನು?”

“ಬ್ಯಾಡ ಕಾಕಾ. ಹಿಂಗs ಚಂದ ಅದೀರಿ.”

ಮೂರು ಭೇಟಿ ಮುಗಿದವು. ನಾಲ್ಕನೆಯದಕ್ಕೆ ಮೊದಲು ಬ್ರಾಹ್ಮಿ ಚಿಕ್ಕೋಡಿ ಕೋರ್ಟಿನಿಂದ ಪ್ರಕರಣದ ಕಾಗದಪತ್ರಗಳ ನಕಲು ತರಿಸಿಕೊಂಡಳು. ನೂರೆಂಬತ್ತು ಪುಟ. ಕೋರ್ಟಿನ ಕ್ಯಾಂಟೀನಿನಲ್ಲಿ ಕೂತು ಓದುತ್ತಿದ್ದಾಗ ಎಪ್ಪತ್ತೊಂದನೇ ಪುಟದಲ್ಲಿ, ಕಳವಾದ ಮರುದಿನ ಪೊಲೀಸರು ಬರೆದುಕೊಂಡ ಹೆಚ್ಚುವರಿ ಹೇಳಿಕೆ ಕಂಡಿತು. ‘ಸದರಿ ಧರೆಪ್ಪ ಎಂಬಾತನು ಘಟನೆಯ ಹಿಂದಿನ ದಿನ ಬಸದಿಯ ಒಳಗಡೆ ಬಂದು ಹೋಗಿದ್ದು, ಆತನ ಮೇಲೆ ನನಗೆ ಬಲವಾದ ಗುಮಾನಿ ಇರುತ್ತದೆ.’ ಹೇಳಿಕೆ ಕೊಟ್ಟವರು ಉತ್ತಮ ಚೌಗುಲೆ, ವಯಸ್ಸು ಐವತ್ತೆರಡು, ಕಾರ್ಯದರ್ಶಿ.

ಎದುರಿಗೆ ಮಲ್ಲೇಶ ಎರಡನೇ ವಡಾಪಾವ್ ಮುಗಿಸುತ್ತಿದ್ದ. ಅವಳು ಪುಟವನ್ನು ಅವನ ಕಡೆ ತಿರುಗಿಸಿದಳು. ಓದಿದ ಮಲ್ಲೇಶ ತಿನ್ನುವುದನ್ನು ನಿಲ್ಲಿಸಿದ. ಹಾಗೆ ಅವನು ನಿಲ್ಲಿಸಿದ್ದನ್ನು ಅವಳು ಹಿಂದೆಂದೂ ಕಂಡಿರಲಿಲ್ಲ.

ಜೈನರಾದ ಚೌಗುಲೆಯವರ ಮನೆಯಲ್ಲಿ ಹೊತ್ತು ಮುಳುಗುವ ಮೊದಲೇ ಊಟ. ಆ ಸಂಜೆ ಅಪ್ಪ ತಟ್ಟೆಯ ಮುಂದೆ ಕೂತಾಗ ಬ್ರಾಹ್ಮಿ ಆ ಪುಟವನ್ನು ಪಕ್ಕದಲ್ಲಿಟ್ಟಳು. ಅವರು ಕನ್ನಡಕ ಹಾಕಿಕೊಂಡು ಓದಿದರು. ಕನ್ನಡಕ ತೆಗೆದರು.

“ಹದಿನಾರು ವರ್ಷದ ಮಾತು,” ಎಂದರು.

“ನೀವು ಹೇಳಿದ್ದು ಹೌದಲ್ರಿ ಅಪ್ಪಾ?”

“ಪೊಲೀಸರು ಹೆಸರ ಕೇಳಿದ್ರು. ಏನರೆ ಒಂದ ಹೇಳಬೇಕಾಗಿತ್ತು. ಈಗ ಅಪ್ಪನ್ನ ಕಟಕಟೆಯೊಳಗ ನಿಲ್ಲಸ್ತಿಯೇನು, ಕ್ಯಾಮರಾ ಹಚ್ಚಿ?”

ಅವರು ಅರ್ಧ ಊಟಕ್ಕೇ ಕೈ ತೊಳೆದು ಎದ್ದುಹೋದರು. ಅವ್ವ ರಾಜಮತಿ ರೊಟ್ಟಿ ಬಡಿಯುವುದನ್ನು ನಿಲ್ಲಿಸದೆ, “ನನಗೂ ಗೊತ್ತಿರಲಿಲ್ಲವಾ,” ಎಂದಳು.

ಮರುದಿನ ಬ್ರಾಹ್ಮಿ ನಿತಿನನಿಗೆ ಫೋನ್ ಮಾಡಿ ಇದ್ದದ್ದನ್ನು ಹೇಳಿದಳು. ನಿತಿನ ಕೊಲ್ಹಾಪುರದಲ್ಲಿ ಹುಟ್ಟಿದವನು, ಖುಷಿಯಾದರೆ ಮರಾಠಿಗೆ ಜಾರುವವನು. “ಅರೇ ವಾ! ಇದೇ ಕತಿ! ಇಬ್ಬರನ್ನೂ ಒಂದು ಕೋಣ್ಯಾಗ ಕುಂಡ್ರಿಸೂಣು. ಧರೆಪ್ಪಗ ಏನೂ ಹೇಳಬ್ಯಾಡ. ಕಾಗದಾ ಅಲ್ಲೇ ಕೊಡು, ಕ್ಯಾಮರಾ ಚಾಲೂ ಇರಲಿ. ಅವನ ಮಾರಿ ನೋಡೂಣು!”

“ಆಗೂದಿಲ್ಲ ನಿತಿನ. ಅವರ ಬದುಕಿನ ಸುದ್ದಿ ಅದು. ಮೊದಲು ಅವರಿಗೆ ಹೇಳ್ತೇನಿ, ಕ್ಯಾಮರಾ ಇಲ್ಲದ. ಆಮ್ಯಾಲ ಅವರು ಬ್ಯಾಡ ಅಂದ್ರ ಚಿತ್ರ ಇಲ್ಲ.”

“ಚಾನೆಲ್‌ನವರು ಒಪ್ಪೂದಿಲ್ಲ.”

“ಒಪ್ಪಲಿಲ್ಲಂದ್ರ ಮತ್ತ ಮದವಿ ಶೂಟಿಂಗಿಗೆ ಹೋಗ್ತೇನಿ. ಮುಂದಿನ ತಿಂಗಳ ಮುಹೂರ್ತ ಭಾಳ ಅದಾವ.”

ನಿತಿನ ನಿಟ್ಟುಸಿರು ಬಿಟ್ಟ. ಅವನು ಕೆಟ್ಟವನಲ್ಲ, ಅವಸರದವನು.

ದಿಗ್ಗೇವಾಡಿಯಲ್ಲಿ ಧರೆಪ್ಪನ ಮನೆ ಕೃಷ್ಣೆಯ ಕಡೆಗೆ ಇಳಿಯುವ ದಾರಿಯಲ್ಲಿದೆ. ಬ್ರಾಹ್ಮಿ ಒಬ್ಬಳೇ ಹೋದಳು. ಧರೆಪ್ಪ ಅಂಗಳದಲ್ಲಿ ಟೆಂಪೋದ ಚಕ್ರ ಬಿಚ್ಚುತ್ತಿದ್ದ. ಅವನ ಹೆಂಡತಿ ಸುಂದರಾ ಚಹಾ ತಂದಿಟ್ಟು ಒಳಗೆ ಹೋದಳು. ಬ್ರಾಹ್ಮಿ ಸುತ್ತಿಬಳಸದೆ ಆ ಎರಡು ಸಾಲು ಓದಿ ಹೇಳಿದಳು. ಯಾರು ಹೇಳಿದ್ದು ಎಂಬುದನ್ನೂ ಹೇಳಿದಳು.

ಧರೆಪ್ಪ ಹೇಗೂ ಒಂದು ತಮಾಷೆಯ ಮಾತು ಆಡುತ್ತಾನೆ ಎಂದು ಅವಳು ಕಾದಳು. ಅವನು ಆಡಲಿಲ್ಲ. ಚಕ್ರ ಹಾಕಿ, ನಟ್ಟು ಒಂದೊಂದಾಗಿ ಬಿಗಿದು, ಕೈ ಒರೆಸಿಕೊಂಡ. “ಅಥಣಿ ಕಡೆ ಒಣದ್ರಾಕ್ಷಿ ತುಂಬೂದೈತಿ,” ಎಂದು ಟೆಂಪೋ ಹತ್ತಿ ಹೋಗಿಬಿಟ್ಟ. ಚಹಾ ಹಾಗೆಯೇ ಇತ್ತು.

ಆಮೇಲೆ ಒಂಬತ್ತು ದಿನ ಅವನು ಫೋನ್ ಎತ್ತಲಿಲ್ಲ. ಮಲ್ಲೇಶ ಕ್ಯಾಮರಾದ ಲೆನ್ಸು ಒರೆಸಿ ಒರೆಸಿ ಇಟ್ಟ. ಬ್ರಾಹ್ಮಿ ನಿಜಕ್ಕೂ ಒಂದು ಮದುವೆ ಒಪ್ಪಿಕೊಂಡಳು, ಕಾಗವಾಡದಲ್ಲಿ. ಮನೆಯಲ್ಲಿ ಅಪ್ಪ ಅವಳೊಡನೆ ಉಪ್ಪು-ನೀರು ಬೇಕಾದಾಗ ಮಾತ್ರ ಮಾತಾಡಿದರು. ತಾನು ಮಾಡಿದ್ದು ಸರಿಯೋ, ಅಥವಾ ನಗುತ್ತಿದ್ದ ಮನುಷ್ಯನ ನಗು ಕಿತ್ತುಕೊಂಡೆನೋ ಎಂದು ಅವಳಿಗೇ ಅನುಮಾನ ಬಂತು.

ಹತ್ತನೇ ದಿನ ಸುಂದರಾ ಫೋನ್ ಮಾಡಿದಳು. “ಏನವಾ ತಂಗಿ, ಏನ ಹೇಳಿ ಹೋದಿ? ಅಂವ ಹಾರೂಗೇರ್ಯಾಗ ಕತಿ ಹೇಳೂದ ಬಿಟ್ಟಾನ. ಚಾದಂಗಡಿಯಾಂವ ಮನಿತನಕಾ ಬಂದು, ‘ಆರಾಮ ಅದಾನಿಲ್ಲೋ’ ಅಂತ ಕೇಳಿ ಹೋಗ್ಯಾನ. ಇಷ್ಟ ವರ್ಷ ಇವನ ಬಾಯಿ ಮುಚ್ಚಿಸಾಕ ಯಾರ ಕೈಲೂ ಆಗಿರಲಿಲ್ಲ. ಈಗ ಮನಿ ಬಣಬಣ ಅನ್ನಾಕತ್ತೈತಿ. ಬಾ ಒಂದ ಸಲ.”

ಬ್ರಾಹ್ಮಿ ಹೋದಳು. ಧರೆಪ್ಪ ಕಟ್ಟೆಯ ಮೇಲೆ ಕೂತಿದ್ದ. ಅವಳು ಕೂರುವ ಮೊದಲೇ ಶುರು ಮಾಡಿದ.

“ಸಿನಿಮಾ ಮಾಡೂಣು. ಆದ್ರ ಒಂದ ಮಾತು. ನಿಮ್ಮಪ್ಪಾರು ಬರಬೇಕು. ನಾ ಕುಂಡ್ರೂ ಖುರ್ಚಿಯಂಥಾದ್ದs ಖುರ್ಚಿ, ಅದs ಲೈಟು. ಕೇಳಾಂವ ನಾ.”

“ನಾ ಹೇಳಿ ನೋಡ್ತೇನಿ ಕಾಕಾ. ಆದ್ರ ಏನ ಕೇಳ್ತೀರಿ ಅಂತ ಅವರಿಗೆ ಮೊದಲ ತಿಳಸಬೇಕಾಗ್ತೈತಿ. ನಿಮಗ ಒಂದ ನ್ಯಾಯ, ಅವರಿಗೆ ಒಂದ ನ್ಯಾಯ ಆಗಬಾರದು.”

ಧರೆಪ್ಪ ತಲೆಯಾಡಿಸಿದ. “ಅಪ್ಪನ್ನೂ ಬಿಡೂದಿಲ್ಲ, ನನ್ನೂ ಬಿಡೂದಿಲ್ಲ. ಆತು, ಹೇಳು. ಕಳವಿನ ಬಗ್ಗೆ ಕೇಳೂದಿಲ್ಲ, ಮೂರ್ತಿ ಸಿಕ್ಕ ದಿನದ ಬಗ್ಗೆ ಕೇಳ್ತಾನ ಅಂತ ಹೇಳು.”

ಚಿಕ್ಕೋಡಿಯಲ್ಲಿ ಅಪ್ಪ ಒಪ್ಪಲಿಲ್ಲ. ಬೀಜ-ಗೊಬ್ಬರದ ತಮ್ಮ ಅಂಗಡಿಯಲ್ಲಿ ಗಿರಾಕಿಗಳ ಮುಂದೆಯೇ, “ಆ ಟೆಂಪೋದಾಂವ ಕೇಳೂದು, ನಾ ಹೇಳೂದು!” ಎಂದು ಗುಡುಗಿದರು. ಬ್ರಾಹ್ಮಿ ಒತ್ತಾಯ ಮಾಡಲಿಲ್ಲ. ನೀವು ಬರದಿದ್ದರೂ ನಡೆಯುತ್ತದೆ, ನೀವು ಬರಲಿಲ್ಲ ಎಂದಷ್ಟೇ ಚಿತ್ರದಲ್ಲಿ ಹೇಳುತ್ತೇನೆ ಎಂದಳು. ಮನೆಯಲ್ಲಿ ರಾಜಮತಿ ಇಷ್ಟು ಸುಲಭಕ್ಕೆ ಬಿಡಲಿಲ್ಲ.

“ಅಂವ ಠಾಣ್ಯಾಗ ಒಂಬತ್ತು ದಿನ ನಿಂತಾನ,” ಎಂದಳು. “ನಿಮಗ ಒಂದ ತಾಸು ಕುಂಡ್ರಾಕ ಆಗೂದಿಲ್ಲ?”

“ನಿನಗೇನ ಗೊತ್ತು.”

“ನನಗ ಏನೂ ಗೊತ್ತಿರಲಿಲ್ಲ, ಅದೇ ನನ್ನ ಸಿಟ್ಟು. ನಾಳೆ ಬಿಳೇ ಅಂಗಿ ಇಸ್ತ್ರಿ ಮಾಡಿ ಇಡ್ತೇನಿ. ಹೋಗೂದು ಬಿಡೂದು ನಿಮಗ ಬಿಟ್ಟಿದ್ದು.”

ಅಂಗಿ ನಾಲ್ಕು ದಿನ ಗೂಟಕ್ಕೆ ತೂಗಿತು. ಐದನೇ ದಿನ ಅಪ್ಪ ಅದನ್ನು ಹಾಕಿಕೊಂಡು ಬಂದು, ಯಾರನ್ನೂ ನೋಡದೆ ಕಾರಿನ ಮುಂದಿನ ಸೀಟಿನಲ್ಲಿ ಕೂತರು. ರಾಜಮತಿಯೂ ಹಿಂದೆ ಹತ್ತಿದಳು.

ದಿಗ್ಗೇವಾಡಿಯಲ್ಲಿ ಮಲ್ಲೇಶ ಒಳಗಿನ ಕೋಣೆಯಲ್ಲಿ ಒಂದೇ ತರಹದ ಎರಡು ಪ್ಲಾಸ್ಟಿಕ್ ಖುರ್ಚಿ, ಎರಡು ಕ್ಯಾಮರಾ ಇಟ್ಟಿದ್ದ. ಬ್ರಾಹ್ಮಿ ಅವನಿಗೆ, “ನಾ ಒಳಗ ಇರೂದಿಲ್ಲ. ನಾ ಮಗಳು, ನಾ ಇದ್ರ ಇಬ್ಬರೂ ನನ್ನ ಮಾರಿ ನೋಡ್ತಾರ. ನೀನೇ ನೋಡ್ಕೊ. ಯಾರರೆ ಬಂದ್ ಮಾಡು ಅಂದ್ರ ಬಂದ್ ಮಾಡು,” ಎಂದು ಹೇಳಿ ಬಾಗಿಲು ಎಳೆದುಕೊಂಡು ಹೊರಗೆ ಬಂದಳು. ನಿರ್ದೇಶಕಿ ಇಲ್ಲದೆ ಶೂಟಿಂಗ್ ಆದದ್ದು ಅವಳ ಬದುಕಿನಲ್ಲಿ ಅದೇ ಮೊದಲು.

ಹೊರಗೆ ಅಂಗಳದಲ್ಲಿ ಸುಂದರಾ ಶೇಂಗಾ ಸುಲಿಯುತ್ತಿದ್ದಳು. ಬ್ರಾಹ್ಮಿಯೂ ರಾಜಮತಿಯೂ ಶೇಂಗಾದ ಮೊರದ ಮುಂದೆ ಕೂತರು. ಒಳಗಿನಿಂದ ಧರೆಪ್ಪನ ದನಿ ಕೇಳುತ್ತಿತ್ತು, ಮಾತು ತಿಳಿಯುತ್ತಿರಲಿಲ್ಲ.

“ಆ ‘ದೇವರು ಎಲ್ಲಾ ಕಡೆ ಅದಾನ’ ಅಂತಾನಲ್ಲ,” ಎಂದು ಸುಂದರಾ ಇದ್ದಕ್ಕಿದ್ದಂತೆ ಹೇಳಿದಳು, “ಅಲ್ಲಿ ಅಂದಿಲ್ಲವಾ ಅಂವ. ‘ನನಗ ಗೊತ್ತಿಲ್ರಿ’ ಅಂದಾನ. ಒಂಬತ್ತು ದಿನ ಅದೊಂದs ಮಾತು. ಮನಿಗೆ ಬಂದ ಮ್ಯಾಲ ಒಂದ ತಿಂಗಳ ಗ್ವಾಡಿ ಕಡೆ ಮಾರಿ ಮಾಡಿ ಮಕ್ಕೊಂಡಿದ್ದ. ಒಂದಿನ ಮುಂಜಾನೆ ಎದ್ದು, ‘ಸುಂದರೀ, ನಾ ಹಿಂಗ ಅನ್ನಬೇಕಾಗಿತ್ತ ನೋಡ,’ ಅಂತ ಅದನ್ನ ಹೇಳಿದ. ನಾ ನಕ್ಕೆ. ನಾ ನಕ್ಕದ್ದ ನೋಡಿ ಎದ್ದು ಜಳಕಾ ಮಾಡಿದ. ಅವತ್ತಿಂದ ಹೇಳಾಕತ್ತಾನ.”

ಬ್ರಾಹ್ಮಿಯ ಕೈಯಲ್ಲಿದ್ದ ಶೇಂಗಾ ಹಾಗೆಯೇ ಉಳಿಯಿತು. “ಇದನ್ನ ನಾ ಚಿತ್ರದಾಗ ಹೇಳಲೇನ್ರಿ ಕಾಕೂ?”

“ಅವನ್ನ ಕೇಳು. ಅವನ ಮಾತು ಅದು.”

ಒಳಗೆ ದನಿ ನಿಂತಿತು. ಎಮ್ಮೆ ಮೇವು ಅಗಿಯುವ ಸಪ್ಪಳ ಮಾತ್ರ. ರಾಜಮತಿ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿದಳು, ಬಿಚ್ಚಿದಳು. ಆಮೇಲೆ ಅಪ್ಪನ ದನಿ, ಎರಡೇ ಮಾತಿನಷ್ಟು. ಆಮೇಲೆ ಧರೆಪ್ಪನ ಭರ್ಜರಿ ನಗು, ಅದರ ಹಿಂದೆ ಇನ್ನೊಂದು ನಗು. ಆ ಎರಡನೆಯದು ತನ್ನ ಅಪ್ಪನದು ಎಂದು ಬ್ರಾಹ್ಮಿಗೆ ನಂಬಲಾಗಲಿಲ್ಲ. ಅವರು ಹಾಗೆ ನಕ್ಕದ್ದನ್ನು ಕೇಳಿ ವರ್ಷಗಳಾಗಿದ್ದವು.

ಬಾಗಿಲು ತೆರೆದು ಮಲ್ಲೇಶ ಬಂದ. ಕಣ್ಣು ಕೆಂಪಾಗಿತ್ತು. “ನಾ ಒಂದ ಪ್ರಶ್ನೆನೂ ಕೇಳಲಿಲ್ಲ ಅಕ್ಕಾ,” ಎಂದ. “ನನಗ ಪಗಾರ ಕೊಡಬ್ಯಾಡ ಇವತ್ತ.”

ಸುಂದರಾ ಚೌಗುಲೆಯವರಿಗೆಂದು ಮಧ್ಯಾಹ್ನವೇ ಉಳ್ಳಾಗಡ್ಡಿ, ಬಳ್ಳೊಳ್ಳಿ ಇಲ್ಲದ ಅಡಿಗೆ ಮಾಡಿಟ್ಟಿದ್ದಳು. “ಹಿಂಗ ಸಪ್ಪನ್ನ ಪಲ್ಯಾ ನಾ ಹುಟ್ಟಿ ಮಾಡಿಲ್ಲ,” ಎಂದು ಗೊಣಗುತ್ತಲೇ ಬಡಿಸಿದಳು. ಇನ್ನೂ ಬಿಸಿಲಿದ್ದಾಗಲೇ ಎಲ್ಲರೂ ಕೂತು ಉಂಡರು. ಅಪ್ಪ ಮೂರನೇ ರೊಟ್ಟಿ ಕೇಳಿ ಹಾಕಿಸಿಕೊಂಡರು.

ಒಳಗೆ ಏನು ನಡೆಯಿತೆಂದು ಬ್ರಾಹ್ಮಿ ನೋಡಿದ್ದು ಎರಡು ದಿನದ ನಂತರ, ಎಡಿಟ್ ಮಾಡುವಾಗ.

“ಅಣ್ಣಾರ,” ಎಂದು ಧರೆಪ್ಪ ಶುರು ಮಾಡಿದ್ದ, “ನನ್ನ ಹೆಸರ ಯಾಕ ಹೇಳಿದ್ರಿ ಅಂತ ನಾ ಕೇಳೂದಿಲ್ಲ. ಅವತ್ತ ಬಸದಿಯೊಳಗ ಹೊರಗಿನವರು ಮೂರು ಮಂದಿ ಬಂದಿದ್ರು. ಒಬ್ಬಾಂವ ಅಧ್ಯಕ್ಷರ ಅಳಿಯ, ಒಬ್ಬಾಂವ ನಿಮ್ಮ ಬೀಗ. ಮೂರನೇದಾಂವ ನಾ. ನಿಮ್ಮ ಜಾಗಾದಾಗ ನಾ ಇದ್ರೂ ನನ್ನ ಹೆಸರs ಹೇಳ್ತಿದ್ದೆ. ನಾ ಕೇಳೂದು ಬ್ಯಾರೆ. ಮೂರ್ತಿ ಸಿಕ್ಕಾಗ ದೊಡ್ಡ ಪೂಜಾ ಮಾಡಿದ್ರಿ. ಇಡೀ ಊರಿಗೆ ಊಟಾ ಹಾಕಿದ್ರಿ, ಸುತ್ತ ನಾಕ ಹಳ್ಳಿಗೆ ಡಂಗುರಾ ಹೊಡಸಿದ್ರಿ. ನಾ ಮನ್ಯಾಗ ಮಕ್ಕೊಂಡು ಕೇಳಾಕತ್ತಿದ್ದೆ. ನನಗ ಯಾಕ ಹೇಳಿ ಕಳಸಲಿಲ್ಲ?”

ಅಪ್ಪ ತಲೆ ತಗ್ಗಿಸಿದ್ದರು. ಇಸ್ತ್ರಿ ಮಾಡಿದ ಬಿಳಿ ಅಂಗಿ ಬೆವರಿನಿಂದ ಮೈಗೆ ಅಂಟಿತ್ತು.

“ನೀ ಬಂದಿದ್ರ ನಿನ್ನ ಮಾರಿ ನೋಡಬೇಕಾಗ್ತಿತ್ತು, ಧರೆಪ್ಪಾ,” ಎಂದರು ಕಡೆಗೆ. “ನನಗ ಆಗಲಿಲ್ಲ. ತಪ್ಪ ಮಾಡಿದೆ ಪಾ.”

ಧರೆಪ್ಪ ಮೇಲೆ ನೋಡಿ, ಕಣ್ಣು ಪಿಳಿಪಿಳಿ ಮಾಡಿ, ನಕ್ಕುಬಿಟ್ಟ. “ನಾನೂ ಹೆದರಿದ್ದೆ ಬಿಡ್ರಿ! ಕರದ್ರ ಹೋಗಬೇಕಾಗ್ತೈತಿ ಅಂತ. ಕರೀಲಿಲ್ಲ, ಬಚಾವ್ ಆದೆ ಅಂದೆ. ಆದ್ರ ಆ ಹೋಳಗಿ ವಾಸನಿ ಐತಲ್ರಿ, ಸೀದಾ ನಮ್ಮ ಮನಿತನಕಾ ಬರ್ತಿತ್ತು!”

ಅಪ್ಪನೂ ನಕ್ಕದ್ದು ಆಗ. ನಗುತ್ತಲೇ ಅವರು ಕಣ್ಣಿಗೆ ಕರವಸ್ತ್ರ ಒತ್ತಿಕೊಂಡರು. ಆಮೇಲೆ ಇಬ್ಬರೂ ಕ್ಯಾಮರಾ ಇದೆ ಎಂಬುದನ್ನೇ ಮರೆತು ಮಾತಾಡಿದರು. ‘ಪೊಲೀಸರು ಹೆಸರ ಕೇಳಿದ್ರು’ ಎಂದು ಅಪ್ಪ ಇಲ್ಲಿಯೂ ಹೇಳಿದರು. ಆ ಮಾತಿನಲ್ಲೇ ಒಂದು ಸಂಗತಿ ಹೊರಬಿತ್ತು. ಗಣಪತಿ ಹಬ್ಬ ಬರಲಿ, ಎಲೆಕ್ಷನ್ ಬರಲಿ, ಇಂದಿಗೂ ಠಾಣೆಯಿಂದ ಧರೆಪ್ಪನಿಗೆ ಕರೆ ಬರುತ್ತದೆ. ಹಳೆಯ ಗುಮಾನಿಯವರ ಪಟ್ಟಿಯಲ್ಲಿ ಅವನ ಹೆಸರು ಉಳಿದುಬಿಟ್ಟಿದೆ. ಹೋಗಿ ಅರ್ಧ ದಿನ ಕೂತು ಬರಬೇಕು.

“ಇನ್ನೂ?” ಎಂದು ಅಪ್ಪ ಕೇಳಿದ ರೀತಿ ಬ್ರಾಹ್ಮಿಗೆ ಹೊಸದು.

ಆ ವಿಷಯ ಚಿತ್ರಕ್ಕಾಗಿ ಕಾಯಲಿಲ್ಲ. ಮರುವಾರವೇ ಅಪ್ಪ ಚಿಕ್ಕೋಡಿಯ ವಕೀಲೆ ನೀಲಮಳ ಬಳಿಗೆ ಹೋಗಿ, ತನ್ನ ಗುಮಾನಿಗೆ ಆಧಾರವಿರಲಿಲ್ಲ, ಧರೆಪ್ಪ ನಿರಪರಾಧಿ ಎಂದು ಪ್ರಮಾಣಪತ್ರ ಬರೆಸಿದರು. ಅರ್ಜಿ ಮೇಲಿನ ಅಧಿಕಾರಿಗಳಿಗೆ ಹೋಯಿತು. ಎರಡು ಸಲ ಕಳೆದುಹೋಯಿತು, ಎರಡು ಸಲವೂ ಅಪ್ಪ ಧರೆಪ್ಪನ ಟೆಂಪೋದಲ್ಲೇ ಹೋಗಿ ಮತ್ತೆ ಕೊಟ್ಟು ಬಂದರು. ಐದನೇ ತಿಂಗಳಲ್ಲಿ ಹೆಸರು ತೆಗೆದಿದ್ದೇವೆ ಎಂಬ ಕಾಗದ ಬಂತು. ಧರೆಪ್ಪ ಅದಕ್ಕೆ ಲ್ಯಾಮಿನೇಶನ್ ಮಾಡಿಸಿದ.

ನಿಜವಾಗಿ ಕದ್ದವನನ್ನೂ ಬ್ರಾಹ್ಮಿ ಹುಡುಕಿದ್ದಳು. ಶಿಕ್ಷೆ ಮುಗಿಸಿ ಬೇರೆ ಊರಿನಲ್ಲಿ ಸಂಸಾರ ಹೂಡಿದ್ದ. ಅವನ ಮನೆಗೆ ಹೋಗದೆ ಒಂದು ಪತ್ರ ಬರೆದಳು. ಅವನು ಫೋನ್ ಮಾಡಿದ. “ಅಕ್ಕಾರ, ನಾ ಮಾಡಿದ್ದು ಖರೇ. ಶಿಕ್ಷಾನೂ ಮುಗಿಸೇನಿ. ನನ್ನ ಮಗಳು ಕಾಲೇಜಿಗೆ ಹೋಗ್ತಾಳ. ನನ್ನ ಹೆಸರ, ಫೋಟೋ ಬ್ಯಾಡ್ರಿ.” ಅವಳು ಆಗಲಿ ಎಂದಳು. ಅವನು ಸ್ವಲ್ಪ ತಡೆದು, “ಆ ಧರೆಪ್ಪಗ ಹೇಳ್ರಿ...” ಎಂದು, “ಬ್ಯಾಡ, ಏನೂ ಹೇಳಬ್ಯಾಡ್ರಿ,” ಎಂದು ಇಟ್ಟುಬಿಟ್ಟ.

ಕಳ್ಳನ ಮುಖವಿಲ್ಲ, ಪೊಲೀಸರು ಹೊಡೆದದ್ದನ್ನು ನಟಿಸಿ ತೋರಿಸುವ ದೃಶ್ಯವಿಲ್ಲ ಎಂದ ಮೇಲೆ ಚಾನೆಲ್ ಕೈಬಿಟ್ಟಿತು. ಆದರೂ ಬ್ರಾಹ್ಮಿ ನಲವತ್ತೆರಡು ನಿಮಿಷದ ಚಿತ್ರ ಮುಗಿಸಿದಳು. ಒಂದು ಭಾನುವಾರ ಮಧ್ಯಾಹ್ನ ಧರೆಪ್ಪನ ಮನೆಯ ಕಿಟಕಿಗಳಿಗೆ ಕಂಬಳಿ ಕಟ್ಟಿ, ಗೋಡೆಗೆ ಬಿಳಿ ದುಪ್ಪಟಿ ಹೊಡೆದು ತೋರಿಸಿದರು. ಕರೆದದ್ದು ಏಳು ಜನರನ್ನು, ಬಂದದ್ದು ಮೂವತ್ತಕ್ಕೂ ಹೆಚ್ಚು. ನಿತಿನ ಪುಣೆಯಿಂದ ಕಾರು ಹೊಡೆದುಕೊಂಡು ಬಂದು, ಸೆಕೆಯಲ್ಲಿ ನೆಲದ ಮೇಲೆ ಕೂತ.

ಮೊದಲ ದೃಶ್ಯದಲ್ಲೇ ಧರೆಪ್ಪ ‘ದೇವರು ಎಲ್ಲಾ ಕಡೆ ಅದಾನ್ರಿ’ ಎಂದ. ಎಲ್ಲರೂ ನಕ್ಕರು. ನಗು ಇಳಿದ ಮೇಲೆ ಗೋಡೆಯ ಮೇಲಿನ ಧರೆಪ್ಪ ಅವರನ್ನೇ ನೋಡುತ್ತ, “ಖರೇ ಹೇಳಬೇಕಂದ್ರ, ಇದನ್ನ ನಾ ಅಲ್ಲಿ ಅಂದಿಲ್ಲ. ಆಮ್ಯಾಲ ಮನ್ಯಾಗ ಕಟ್ಟಿದ್ದು. ಅಲ್ಲಿ ನಾ ಬರೇ ಅತ್ತಿದ್ದೆ,” ಎಂದ. ಹೀಗೆ ಹೇಳಬೇಕೆಂದು ತೀರ್ಮಾನಿಸಿದವನು ಅವನೇ. ಹಾರೂಗೇರಿಯಿಂದ ಬಂದಿದ್ದ ಚಹಾದಂಗಡಿಯವನು ಎದ್ದು ಹೋಗಿ, ಕೂತಿದ್ದ ಧರೆಪ್ಪನ ಭುಜದ ಮೇಲೆ ಕೈಯಿಟ್ಟು, ಮತ್ತೆ ತನ್ನ ಜಾಗಕ್ಕೆ ಬಂದ.

ಮುಗಿದ ಮೇಲೆ ಬ್ರಾಹ್ಮಿ ಕೇಳಿದಳು, “ಏನರೆ ತಗೀಬೇಕೇನ್ರಿ?”

“ಆ ಹಿತ್ತಲದ ಗ್ವಾಡಿ ತಗಿಯವಾ,” ಎಂದಳು ಸುಂದರಾ. “ಸುಣ್ಣಾ ಹಚ್ಚಿಲ್ಲ. ಜಗತ್ತಿಗೆಲ್ಲಾ ತೋರಸ್ತಿ!”

ಧರೆಪ್ಪ ತನ್ನದೇನೂ ಇಲ್ಲ ಎಂದ. ತಾನು ಇನ್ನೂ ಸ್ವಲ್ಪ ಹೆಚ್ಚು ಹೊತ್ತು ಕಾಣಬಹುದಿತ್ತು, ಅಷ್ಟೇ. ನಿತಿನ ಬೆವರೊರೆಸಿಕೊಂಡು, ಇದನ್ನು ತಾನು ಬೇರೆ ಕಡೆ ಮಾರಿಯೇ ಮಾರುತ್ತೇನೆ ಎಂದು ಮರಾಠಿಯಲ್ಲಿ ಆಣೆ ಮಾಡಿದ. ಮುಂದೆ ಮಾಡಿಯೂ ತೋರಿಸಿದ.

ಆಗ ಮೂಲೆಯಿಂದ ಅಪ್ಪ ಎದ್ದು ನಿಂತರು. “ನಂದು ಒಂದ ಐತಿ,” ಎಂದರು. “ತಗಿಯೂದಲ್ಲ, ಸೇರಸೂದು. ‘ಪೊಲೀಸರು ಹೆಸರ ಕೇಳಿದ್ರು’ ಅಂತ ಅಂದೇನಲ್ಲ, ಅದು ಬರೋಬ್ಬರಿ ಇಲ್ಲ. ಕೇಳಿದವರ ಮ್ಯಾಲ ಹಾಕಿದಂಗ ಆಗೇತಿ. ಇನ್ನೊಂದ ಸಲ ಹೇಳ್ತೇನಿ.”

ಮರುದಿನ ಬೆಳಿಗ್ಗೆ ಮಲ್ಲೇಶ ಅವರ ಗೊಬ್ಬರದ ಅಂಗಡಿಯಲ್ಲೇ ಕ್ಯಾಮರಾ ಇಟ್ಟ. ಮಾಲಿನ ಚೀಲಗಳ ಮುಂದೆ ಸ್ಟೂಲಿನ ಮೇಲೆ ಕೂತ ಅಪ್ಪ ಗಂಟಲು ಸರಿಮಾಡಿಕೊಂಡರು.

“ಅವರು ಕೇಳಿದ್ರು, ಖರೇ. ನನಗ ಗೊತ್ತಿಲ್ಲ ಅಂತ ಹೇಳಬಹುದಾಗಿತ್ತು. ಹೆಸರ ಹೇಳಿದಾಂವ ನಾ.”

“ಆತ್ರಿ ಅಪ್ಪಾ,” ಎಂದಳು ಬ್ರಾಹ್ಮಿ.

“ಇಷ್ಟs?”

“ಇಷ್ಟs.”

ಅವರಿಗೆ ಇನ್ನೂ ಸ್ವಲ್ಪ ಹೇಳುವ ಆಸೆ ಇದ್ದಂತಿತ್ತು. ಅಷ್ಟರಲ್ಲಿ ಮೆಕ್ಕೆಜೋಳದ ಬೀಜ ಕೇಳಿಕೊಂಡು ಇಬ್ಬರು ಗಿರಾಕಿಗಳು ಬಂದರು. ಅಪ್ಪ ಎದ್ದು, ಕ್ಯಾಮರಾದ ವೈರು ತುಳಿಯದಂತೆ ಎಚ್ಚರದಿಂದ ದಾಟಿ, ಬೀಜದ ಪೊಟ್ಟಣ ಇಳಿಸಲು ಹೋದರು.